ಮೊನ್ಸಿಯ ನಡಿಗೆ

ಚೆಂಚೊನ ಕೈಗೇಡಿತನದಿಂದ ಆ ರೀಲು ಸುಟ್ಟುಹೋಯಿತು ಎಂದು ಪೊನ್ಸೆ ಊರಿನ ಜನ ಇವತ್ತಿಗೂ ಹೇಳುತ್ತಾರೆ. ಚೆಂಚೊ ಅಂದರೆ ನಾನು. ಹೇಳಲಿ ಬಿಡಿ, ಊರ ಬಾಯಿ ಮುಚ್ಚಲಾದೀತೇ?

ನಮ್ಮೂರಿನ ಮುಖಗಳನ್ನು ಮೊದಲು ತೆರೆಗೆ ತಂದವನು ಬೆನಿಗ್ನೊ. ಅವನು ಕ್ಯಾಮೆರಾದ ಹಿಡಿ ತಿರುಗಿಸಿ ತೆಗೆದದ್ದನ್ನು ನಾನು ನನ್ನ ಯಂತ್ರದ ಹಿಡಿ ತಿರುಗಿಸಿ ತೋರಿಸುತ್ತಿದ್ದೆ. ಅವನ ಒಬ್ಬಳೇ ಮಗಳು ಮೊನ್ಸಿಯನ್ನು ಜ್ಞಾನಸ್ನಾನಕ್ಕೆ ಎತ್ತಿಕೊಂಡವನೂ ನಾನೇ. ಅಂದಿನಿಂದ ಆ ಮನೆಯವರಿಗೆ ನಾನು ಕಂಪಾದ್ರೆ, ಮಗಳ ಧರ್ಮತಂದೆ. ಕೈಯ ಲಯ ತಪ್ಪದಿರಲೆಂದು ಬೆನಿಗ್ನೊ ಸದಾ ಒಂದು ದಾನ್ಸಾ ಕುಣಿತದ ರಾಗ ಗುನುಗುತ್ತಿದ್ದ. ಮದುವೆಯಾಗಲಿ, ಕುದುರೆ ಜೂಜಾಗಲಿ, ರಾಗ ಅದೊಂದೇ. ಕೇಳಿ ಕೇಳಿ ನನಗೆ ತಲೆ ಚಿಟ್ಟು ಹಿಡಿದಿತ್ತು.

ಹದಿನೇಳನೇ ವಯಸ್ಸಿಗೆ ಮೊನ್ಸಿಗೆ ಕ್ಷಯ ಅಂಟಿತು. ಹಾಸಿಗೆ ಹಿಡಿಯುವ ಮುಂಚೆ, ಬಿಳಿ ಗೌನು ತೊಟ್ಟು, ಬಾಗಿಲಿಂದ ಗೇಟಿನವರೆಗೆ ನಡೆದಳು, ಅಪ್ಪ ಚಿತ್ರ ತೆಗೆದ. ಅಂದು ಅವನು ಗುನುಗಲಿಲ್ಲ. ಕೈ ಸೋತು ನಿಧಾನವಾದದ್ದು ಅವನಿಗೇ ತಿಳಿಯಲಿಲ್ಲ. ತೆಗೆಯುವ ಕೈ ನಿಧಾನವಾದರೆ ತೆರೆಯ ಮೇಲೆ ಮನುಷ್ಯರು ಓಡುತ್ತಾರೆ, ಅದು ನಮ್ಮ ಕಸುಬಿನ ಶಾಪ.

ಅವಳು ತೀರಿಕೊಂಡು, ಒಂಬತ್ತು ದಿನದ ಜಪಸರ ಮುಗಿದ ಮೇಲೆ, ಬೀದಿಯವರನ್ನೆಲ್ಲ ಕರೆದು ರೀಲು ಹಾಕಿದೆವು. ಮೊನ್ಸಿ ಕೋಳಿಯ ಹಾಗೆ ಕುಪ್ಪಳಿಸುತ್ತ ಓಡಿದಳು. ಯಾರೋ ಕಿಸಕ್ಕೆಂದರು, ಆಮೇಲೆ ಎಲ್ಲರೂ ನಕ್ಕರು. ಅವರ ಬಾಯಿಗೆ ಮಣ್ಣು ಹಾಕ. ಆದರೆ ಸುಳ್ಳೇಕೆ, ನಗು ಬರುವ ಹಾಗೇ ಇತ್ತು. ತಾಯಿ ಪ್ರೊವಿ ಎದ್ದು ಹೊರಟುಹೋದಳು.

ಮರುದಿನ ಮಧ್ಯಾಹ್ನ ಅವಳೇ ನನ್ನ ಶೆಡ್ಡಿಗೆ ಬಂದಳು.

"ಕಣ್ಣು ಮುಚ್ಚಿದ್ರೆ ಸಾಕು, ಓಡ್ತಾಳೆ ಕಂಪಾದ್ರೆ. ಅವಳು ಹೆಂಗೆ ನಡೀತಿದ್ಲು ಅನ್ನೋದೇ ಮರೆತುಹೋಗ್ತಿದೆ. ಒಂದೇ ಒಂದ್ಸಲ ನಡೆಸಿಕೊಡಿ."

ನಿಧಾನ ತಿರುಗಿಸಿದರೆ ನಡೆಯುತ್ತಾಳೆ, ಆದರೆ ದೀಪದ ಕಾವು ತಾಗಿ ರೀಲು ಹೊತ್ತಿಕೊಳ್ಳುತ್ತದೆ. ಪ್ರತಿ ತೆಗೆಯುವ ಮೂಲ ಸುರುಳಿಗೆ ಬೂಷ್ಟು ಹಿಡಿದಿದೆ, ಇರುವುದು ಇದೊಂದೇ ಎಂದೆಲ್ಲ ಹೇಳಿ ನೋಡಿದೆ. ಇಟ್ಟುಕೊಂಡು ಏನು ಮಾಡಲಿ, ಜನ ನಗಲಿಕ್ಕಾ ಎಂದು ಕೇಳಿದಳು. ಅವಳ ಹಿಂದೆಯೇ ಬಂದ ಬೆನಿಗ್ನೊ ಬಾಗಿಲಲ್ಲಿ ತಲೆ ತಗ್ಗಿಸಿ ನಿಂತಿದ್ದ.

ಕಿಟಕಿಗಳಿಗೆ ಕಾಫಿ ಚೀಲ ಹೊದಿಸಿ, ಪಕ್ಕದಲ್ಲಿ ಒಂದು ಬಕೆಟ್ ಮರಳು ಇಟ್ಟುಕೊಂಡೆ. ಹಿಡಿಗೆ ಕೈ ಹಾಕಿದಾಗ ನನ್ನ ಬೆನ್ನ ಹಿಂದೆ ಬೆನಿಗ್ನೊ ಗುನುಗತೊಡಗಿದ. ಅದೇ ದಾನ್ಸಾ, ಆದರೆ ಚಿತ್ರ ತೆಗೆದ ದಿನ ಅವನ ಕೈ ಎಷ್ಟು ಸೋತಿತ್ತೋ ಅಷ್ಟೇ ನಿಧಾನ. ನಾನು ಅದರ ಲಯಕ್ಕೇ ತಿರುಗಿಸಿದೆ. ಮೊನ್ಸಿ ಹೊಸ್ತಿಲು ದಾಟಿದಳು. ಗೌನಿನ ಅಂಚು ಎತ್ತಿ ಹಿಡಿದು ನಡೆದಳು. ಎಡಗಾಲನ್ನು ತುಸು ಎಳೆದು ಹಾಕುವ ಅವಳ ಅಭ್ಯಾಸ ನನಗೂ ಮರೆತುಹೋಗಿತ್ತು.

"ಇವಳು ನನ್ನ ಮಗು," ಎಂದಳು ಪ್ರೊವಿ.

ಗೇಟಿನ ಹತ್ತಿರ ಮೊನ್ಸಿ ನಮ್ಮತ್ತ ತಿರುಗುವವಳಿದ್ದಳು. ಅಷ್ಟರಲ್ಲಿ ಚಿತ್ರದ ಅಂಚು ಕಂದು ಬಣ್ಣಕ್ಕೆ ತಿರುಗಿತು. ಕೈ ಜೋರು ಮಾಡಿದ್ದರೆ ರೀಲು ಉಳಿಯುತ್ತಿತ್ತು, ಹುಡುಗಿ ಮತ್ತೆ ಕುಪ್ಪಳಿಸುತ್ತಿದ್ದಳು. ಬೆನಿಗ್ನೊನ ಲಯ ತಪ್ಪಲಿಲ್ಲ. ನನ್ನ ಕೈಯೂ ತಪ್ಪಲಿಲ್ಲ.

ಅವಳು ಮುಖ ತಿರುಗಿಸುವ ಮೊದಲೇ ರೀಲು ಹೊತ್ತಿಕೊಂಡಿತು.