ಆಡಿನ ಕೂದಲ ಹಗ್ಗ

“ಲೇ ರಂಡಿ, ಕೈಯಾಗಿನ ಮೀನಿನ ರಕ್ತ ಒರೆಸ್ಕಂಡು ಹೆಬ್ಬಟ್ಟು ಒತ್ತು. ನಿನ್ನ ಗಂಡ ಕೆಲಸ ಬಿಟ್ಟು ಓಡಿಹೋಗ್ಯಾನ ಅಂತ ಬರ್ದೈತಿ, ಅಷ್ಟ.”

ಕೂಡ್ಲಿಗಿ ಕಡೆಯ ಆಳುಗಳನ್ನು ಈ ಬಂದರಿಗೆ ಕರೆತರುವ ಮೇಸ್ತ್ರಿ ಬೆನಕಪ್ಪ ಕಾಗದ ಚಾಚಿದ್ದ. ದೋಣಿಯಲ್ಲಿ ಒಂಬತ್ತು ದಿನ ಕಡಲಿಗೆ ಹೋಗಿ ನಿನ್ನೆ ಮರಳಿದ್ದ. ಜೊತೆಗೆ ಹೋದ ಓಬಮ್ಮನ ಗಂಡ ಬೊಮ್ಮಯ್ಯ ಮರಳಿರಲಿಲ್ಲ. ಎಸ್‌ಟಿಡಿ ಬೂತಿನಿಂದ ಊರಿಗೆ ಫೋನ್ ಮಾಡಿಸಿದರೆ ಅಲ್ಲಿಗೂ ಬಂದಿಲ್ಲವಂತೆ.

ಓಬಮ್ಮ ತಲೆ ಎತ್ತಲಿಲ್ಲ. ಮಂಜುಗಡ್ಡೆಯ ರಾಶಿಯಿಂದ ಒಂದೊಂದೇ ಬಂಗುಡೆ ಎತ್ತಿ, ಅದರ ಕಣ್ಣು ನೋಡಿ ಬುಟ್ಟಿಗೆ ಹಾಕುತ್ತಿದ್ದಳು. ಈ ಮೀನು ಕಡಲಲ್ಲಿ ಅವನನ್ನು ಕಂಡಿರಬಹುದು.

“ಓಡಿಹೋಗಾವ ದೋಣ್ಯಾಗ ಚಪ್ಲಿ ಬಿಟ್ಟು ಹೊಕ್ಕಾನೇನ್ರಿ?”

“ಹೆಣ್ಣಿನ ಹಿಂದ ಓಡಾವ್ನಿಗೆ ಚಪ್ಲಿ ಯಾಕಬೇ?”

ದೋಣಿ ನಿಲ್ಲುವ ದಕ್ಕೆಯ ಮೇಲಿದ್ದವರು ನಕ್ಕರು. ಪಕ್ಕದಲ್ಲಿ ಮೀನು ಆರಿಸುತ್ತಿದ್ದ ಕೊಟ್ಟೂರಿನ ದಾವಲ್ ಬೀ ನಗಲಿಲ್ಲ. ಮಂಜಿಗೆ ಸೆಟೆದ ಓಬಮ್ಮನ ಬೆರಳುಗಳ ಮೇಲೆ ತನ್ನ ಪಾಲಿನ ಬಿಸಿ ಚಹಾ ಸುರಿದಳು.

“ಸತ್ತಾನ ಅಂದ್ರ ಊರಾಗ ಅವನ ಹೆಸರಿಗೆ ಹಿಡಿ ಮಣ್ಣರ ಹಾಕ್ತಾರ ಬೀಬಿ. ಓಡಿಹೋದಾವ್ಗ ಏನ್ ಹಾಕ್ತಾರ?”

ಗುಡೇಕೋಟೆಯ ಗುಡ್ಡದಲ್ಲಿ ಆಡು ಕಾಯ್ದ ಬೊಮ್ಮಯ್ಯನಿಗೆ ಈಜು ಬರುತ್ತಿರಲಿಲ್ಲ. ಅದಕ್ಕೇ ಓಬಮ್ಮ ಆಡಿನ ಕೂದಲಲ್ಲಿ ಹಗ್ಗ ಹೊಸೆದು ಕೊಟ್ಟಿದ್ದಳು. ಒಂದು ತುದಿಯನ್ನು ದೋಣಿಯ ಕಂಬಿಗೆ, ಇನ್ನೊಂದನ್ನು ಸೊಂಟಕ್ಕೆ, ಮರಿ ಕಟ್ಟುವ ಗಂಟು ಹಾಕಿ ಬಿಗಿದುಕೊಂಡೇ ಅವನು ಬಲೆ ಎಳೆಯುತ್ತಿದ್ದ. ದೋಣಿಯವರು ಅವನನ್ನು ‘ಆಡು’ ಎಂದೇ ಕರೆಯುತ್ತಿದ್ದರು.

ಮಧ್ಯಾಹ್ನ ದೋಣಿ ಮತ್ತೆ ಹೊರಡಲೆಂದು ಅದಕ್ಕೆ ಮಂಜುಗಡ್ಡೆ ತುಂಬುತ್ತಿದ್ದರು. ಬುಟ್ಟಿ ಹೊತ್ತ, ಬೊಮ್ಮಯ್ಯನ ಜೊತೆ ಕಡಲಿಗೆ ಹೋಗಿದ್ದ ಆಳು ಮಾರೇಶ್ ಓಬಮ್ಮನತ್ತ ನೋಡಿದ, ಹಿಂಬದಿಯ ಕಂಬಿಯತ್ತ ನೋಡಿದ, ತಲೆ ತಗ್ಗಿಸಿದ.

ಕಂಬಿಯಲ್ಲಿ ಕಪ್ಪು ಹಗ್ಗ. ಗಂಟು ಹಾಗೆಯೇ ಇತ್ತು. ಮಾರುದ್ದ ಇಳಿಬಿದ್ದ ತುದಿ ಹರಿದಿರಲಿಲ್ಲ, ನೇರವಾಗಿ ಕೊಯ್ದಂತಿತ್ತು.

“ಯಾರು ಕೊಯ್ದರೋ ಮಾರೇಶ?”

“ಬಲಿ ಎಳಿಯಾಗ ನೀರಿಗೆ ಬಿದ್ದು ಸತ್ತ. ಹೆಣ ಹಗ್ಗಕ್ಕ ಜೋತುಬಿದ್ದು ದೋಣಿಗೆ ಬಡೀತಿತ್ತಕ್ಕ… ಹೆಣ ತಗಂಡು ದಂಡಿಗೆ ತಿರುಗಿದ್ರ ಬಲಿಗೆ ಬಂದ ಮೀನು ಕೈ ತಪ್ತಾವ ಅಂತ… ಮೇಸ್ತ್ರಿನೇ ಕೊಯ್ದ.”

ಓಬಮ್ಮ ಸೆರಗು ಸಿಕ್ಕಿಸಿ ದೋಣಿ ಹತ್ತಿದಳು.

“ಇಳಿಯಲೇ ಬೋಸುಡಿ! ಹೆಂಗ್ಸು ದೋಣಿ ತುಳಿದ್ರ ಮೈಲಿಗಿ!” ಬೆನಕಪ್ಪ ಓಡಿ ಬಂದ.

ಕೊಯ್ದ ತುದಿಯನ್ನು ಅವಳು ತನ್ನ ಸೊಂಟಕ್ಕೆ ಸುತ್ತಿ, ಅದೇ ಗಂಟು ಹಾಕಿ ಕಂಬಿಗೆ ಒರಗಿ ಕುಳಿತಳು.

“ಬಿಡು ದೋಣಿ. ಅವನ್ನ ಎಲ್ಲಿ ಕೊಯ್ದು ಬಿಟ್ಟಿ, ಅಲ್ಲಿಗೆ ನಡಿ.”

ಬೆನಕಪ್ಪನ ಕೈ ಸೊಂಟದ ಕತ್ತಿಗೆ ಹೋಯಿತು. ದಕ್ಕೆಯ ಮೇಲೆ ದಾವಲ್ ಬೀ ಬುಟ್ಟಿ ಕೆಳಗಿಟ್ಟಳು. ಮೀನು ಆರಿಸುವ ಕೈಗಳೆಲ್ಲ ಒಂದೊಂದಾಗಿ ನಿಂತವು.

“ಕೊಯ್ಯಿ,” ಎಂದಳು ಓಬಮ್ಮ. “ಈಗ ಎಲ್ಲಾರೂ ನೋಡಾಕತ್ಯಾರ.”