ರುಚಿಕೋಣೆಯ ಮಕ್ಕಳು

ಹೂವಿನ ಬುಟ್ಟಿ ಹಿಡಿದು ಹೊಸಿಲು ದಾಟುತ್ತಿದ್ದ ಕಿರಿಸೊಸೆ ಗಕ್ಕನೆ ನಿಂತಳು. ಒಳಗೆ ಶವಪೆಟ್ಟಿಗೆಯಲ್ಲಿ ಮಲಗಿದ್ದ ಭಾವ, ಗೇಟಿನ ಬಳಿ ಚಪ್ಪಲಿ ಬಿಡುತ್ತಿದ್ದ.

ಅದೇ ಪುಟ್ಟ ತಲೆ, ಅದೇ ಕಿರುಗಣ್ಣು. ಮೂಗಿನಿಂದ ತುಟಿಗಿಳಿಯುವ ಗೆರೆಯಿಲ್ಲ. ಯಾರೋ ಒರೆಸಿಬಿಟ್ಟಂತೆ ನುಣುಪು.

"ಅತ್ತೇ..." ಬುಟ್ಟಿ ಕೈಜಾರಿತು.

"ಹೆದರ್ಬೇಡ. ನನ್ನ ಜೊತೆ ಕೆಲ್ಸಕ್ಕಿದ್ದವಳ ಮಗ," ಎಂದಳು ಅತ್ತೆ, ತಲೆಯೆತ್ತದೆ.

ಅವನ ಹಿಂದೆ ಇನ್ನೊಬ್ಬ. ಮತ್ತೆ ಇಬ್ಬರು. ನಾಲ್ವರಿಗೂ ಅದೇ ಮುಖ. ಒಬ್ಬರಿಗೊಬ್ಬರು ನೆಂಟರಲ್ಲ.

"ಡಜನ್ ಇನ್ನೂ ಎದ್ದಿಲ್ವಾ?" ಒಬ್ಬ ಕೇಳಿದ.

ಭಾವನಿಗೆ ಆ ಹೆಸರಿಟ್ಟದ್ದು ಸಾರಾಯಿ ಕಾರ್ಖಾನೆಯವರು. ಇಪ್ಪತ್ತೆರಡು ವರ್ಷ ಅಲ್ಲಿ ರಟ್ಟಿನ ಡಬ್ಬಕ್ಕೆ ಬಾಟಲಿ ತುಂಬಿದ. ಹನ್ನೆರಡರ ಮುಂದೆ ಎಣಿಕೆ ಬಾರದು. ಒಂದು ಡಬ್ಬಕ್ಕೆ ಅಷ್ಟೇ ಸಾಕಿತ್ತು. ದಿನಾ ಓಡಾಡುವ ದಾರಿಯನ್ನೇ ಮರೆತು, ತಿರುವಿನಲ್ಲಿ ನಿಂತು ಬಿಕ್ಕಿಬಿಕ್ಕಿ ಅಳುತ್ತಿದ್ದ. ಹುಟ್ಟಾ ಸೋತಿದ್ದ ಹೃದಯ, ನಿನ್ನೆ, ನಲವತ್ತರ ಹೊಸಿಲಲ್ಲಿ ನಿಂತಿತ್ತು.

ಅಡುಗೆಮನೆಯಲ್ಲಿ ಗಂಡ ಗ್ಲಾಸು ಮುಂದೆ ಹಿಡಿದ. "ಮುಖ ಬಿಳಿಚ್ಕೊಂಡಿದೆ. ಒಂದು ಗುಟುಕು ವೈನ್ ಕುಡಿ, ಏನಾಗಲ್ಲ."

ಐದು ತಿಂಗಳ ಬಸುರಿ ಕೈ ಚಾಚುವಷ್ಟರಲ್ಲಿ ಅತ್ತೆ ಗ್ಲಾಸು ಕಸಿದು ಸಿಂಕಿಗೆ ಸುರಿದಳು.

"ಏನಾಗಲ್ಲ ಅಂತಲೇ ನನಗೂ ಹೇಳಿದ್ರು."

*

ನಲವತ್ತು ವರ್ಷದ ಹಿಂದೆ, ಅದೇ ಕಾರ್ಖಾನೆಯ ರುಚಿಕೋಣೆಯಲ್ಲಿ ಸಾರಾಯಿ ರುಚಿ ನೋಡಲು ಎಂಟು ಹೆಂಗಸರು. ಪ್ರತಿ ಪೀಪಾಯಿಯಿಂದ ಒಂದು ಪುಟ್ಟ ಬಟ್ಟಲು, ದಿನಕ್ಕೆ ಇಪ್ಪತ್ತು. ಉಗುಳಿದರೆ ಮೇಸ್ತ್ರಿ ಗದರುತ್ತಿದ್ದ: "ಗಂಟಲಿಗೆ ಇಳೀದೆ ರುಚಿ ಹೇಗಮ್ಮಾ ಗೊತ್ತಾಗುತ್ತೆ?"

ಅತ್ತೆ ಅಲ್ಲಿದ್ದ ಎರಡು ವರ್ಷದಲ್ಲಿ ಅವಳೂ ಸೇರಿ ಐವರು ಬಸುರಾದರು. ಮಗುವಿಗೆ ಏನಾದರೂ ಆಗುತ್ತಾ ಎಂದು ಅವಳೇ ಅಂಜುತ್ತ ಮೇಸ್ತ್ರಿಯನ್ನು ಕೇಳಿದ್ದಳು. "ಮಗು ಗಟ್ಟಿಮುಟ್ಟಾಗುತ್ತೆ, ಹೋಗು," ಎಂದು ಅವನು ನಕ್ಕಿದ್ದ.

ಬೆಳಗ್ಗೆ ಒದೆಯುತ್ತಿದ್ದ ಮಗು ಮಧ್ಯಾಹ್ನದ ಹೊತ್ತಿಗೆ ಮಿಸುಕಾಡುತ್ತಿರಲಿಲ್ಲ. ಐವರೂ ಹೊಟ್ಟೆಯ ಮೇಲೆ ಕೈಯಿಟ್ಟು ಕೂರುತ್ತಿದ್ದರು. "ಎಂಥಾ ಸಾಧು ಮಕ್ಕಳು! ಒಟ್ಟಿಗೇ ಮಲಗ್ತಾವೆ," ಎಂದು ಹಿಗ್ಗುತ್ತಿದ್ದರು.

*

"ಅತ್ತೇ, ನಾನು ಆಗ್ಲೇ ಎರಡು ಮೂರು ಸಲ..." ಸೊಸೆಯ ಸ್ವರ ಉಡುಗಿತು.

"ನಾಳೆನೇ ಡಾಕ್ಟರಿಗೆ ಹೇಳು, ಮುಚ್ಚಿಡಬೇಡ. ಇವತ್ತಿಂದ ಒಂದು ಹನಿಯೂ ಬೇಡ. ನನಗೆ ಇಷ್ಟು ಹೇಳೋರೂ ಇರ್ಲಿಲ್ಲ ಕಣಮ್ಮಾ."

ಗಂಡ ವೈನ್ ಬಾಟಲಿಯನ್ನೂ ಸಿಂಕಿಗೆ ಬಗ್ಗಿಸಿದ.

ಹೊತ್ತಾಯಿತೆಂದು ಹೊರಗೆ ಯಾರೋ ಕೂಗಿದರು. ಆ ನಾಲ್ವರೇ ಮುಂದೆ ಬಂದು ಪೆಟ್ಟಿಗೆಗೆ ಹೆಗಲು ಕೊಟ್ಟರು. ನಾಲ್ವರು ತಾಯಂದಿರ ಮಕ್ಕಳು. ಹೆಗಲುಗಳೆಲ್ಲ ಒಂದೇ ಎತ್ತರ. ಬೀದಿಯ ಕೊನೆಯವರೆಗೂ ಪೆಟ್ಟಿಗೆ ಕೂದಲೆಳೆಯಷ್ಟೂ ವಾಲಲಿಲ್ಲ.