ಅಪ್ಪ ಎಳೆದ ಅಡ್ಡಗೀಟು

ಹೆಸ್ಟರಕ್ಕನ ಮದುವೆಯ ಬೆಳಿಗ್ಗೆ ಅಪ್ಪ ಬೂಟು ಉಜ್ಜುತ್ತ, ತಲೆಯೆತ್ತದೆ ಹೇಳಿದರು: “ಸಾಕ್ಷಿ ರುಜು ನಿಮ್ಮ ಚಿಕ್ಕಪ್ಪನೇ ಹಾಕ್ಲಿ. ನಾನು ಚರ್ಚಿನ ಗೇಟ್ ಹತ್ರ ನಿಂತಿರ್ತೀನಿ.”

“ಮಗಳ ಮದುವೆ ಪುಸ್ತಕದಲ್ಲಿ ಅಪ್ಪನ ಗುರುತೇ ಬೇಡ್ವಾ?” ಅಕ್ಕನ ಕಣ್ಣು ತುಂಬಿತು.

“ಬಿ.ಎ. ಮಾಡಿದೋಳು ಪಕ್ಕದಲ್ಲಿ ಸಾಕ್ಷಿಗೆ ನಿಂತಿರ್ತಾಳೆ. ನಾನು ಪಾದ್ರಿ ಎದುರು ಕೋಳಿ ಕೆದರಿದ ಹಾಗೆ ಗೀಟು ಎಳೀಲಾ?”

ಆ ಬಿ.ಎ. ನಾನೇ. ಇಂಗ್ಲೆಂಡಿನ ಬರ್ನ್ಲಿ ಊರಿನ ನಮ್ಮ ಬೀದಿಯಲ್ಲಿ ಅಷ್ಟು ಓದಿದ ಮೊದಲ ಹುಡುಗಿ. ಎಂಟನೇ ವಯಸ್ಸಿಗೇ ಹತ್ತಿ ಗಿರಣಿಗೆ ಹೋದ ಅಪ್ಪನಿಗೆ ಅಕ್ಷರ ಬಾರದು. ರುಜುವಿನ ಜಾಗದಲ್ಲಿ ಒಂದರ ಮೇಲೊಂದು ಎರಡು ಗೆರೆ ಎಳೆದ ಅಡ್ಡಗೀಟು. ನಾನು ಅಡುಗೆಮನೆಗೆ ಸರಿದೆ.

ಅಮ್ಮ ಹಂದಿಮಾಂಸ ಹೆಚ್ಚುತ್ತಿದ್ದಳು. “ನಮ್ಮ ಮದುವೇಲೂ ಅವರು ಗೀಟು ಎಳೆದ್ರು ಕಣೇ,” ಎಂದಳು ಮೆಲ್ಲಗೆ. “ನನಗೆ ಬರೀಲಿಕ್ಕೆ ಬರ್ತಿತ್ತು. ಆದ್ರೂ ನಾನೂ ಗೀಟೇ ಎಳೆದೆ. ಆಗ ಎಷ್ಟೋ ಹುಡುಗೀರು ಹಾಗೇ ಮಾಡ್ತಿದ್ರು, ಗಂಡ ಸಣ್ಣೋನಾಗಬಾರದು ಅಂತ. ಬರೆಯೋದು ಮದುವೆ ಆದ್ಮೇಲೆ ಕಲಿತೆ ಅಂತ ಅವರಿಗೆ ಹೇಳಿದೆ. ನಂಬಿದ್ರು ಪಾಪ.”

“ನೀವು ಒಳಗೆ ಬರದಿದ್ರೆ ನಾನೂ ರುಜು ಹಾಕಲ್ಲ,” ಎಂದು ಅಕ್ಕ ಹಟ ಹಿಡಿದದ್ದಕ್ಕೆ ಅಪ್ಪ ಚರ್ಚಿನ ಒಳಕೋಣೆಗೆ ಬಂದರು. ವಧೂವರರು ಬರೆದಾದ ಮೇಲೆ ಲೇಖನಿ ನನ್ನ ಕೈಗೆ ಬಂತು. ಅಪ್ಪ ಟೊಪ್ಪಿಯನ್ನು ಹಿಂಡುತ್ತಿದ್ದರು. ನಾನು ಓರೆಯಾಗಿ ಒಂದು ಗೀಟು ಎಳೆದೆ. ಇನ್ನೊಂದನ್ನು ಅದಕ್ಕೆ ಅಡ್ಡವಾಗಿ ಎಳೆಯಬೇಕು, ಅಷ್ಟರಲ್ಲಿ ಅಪ್ಪ ನನ್ನ ಮಣಿಕಟ್ಟು ಹಿಡಿದರು.

“ಏನೇ ಮಾಡ್ತಿದ್ದೀಯ, ಕೆಝಿಯಾ? ನನಗೋಸ್ಕರ ಗೀಟು ಎಳೆದೋಳು ಮನೇಲಿ ಒಬ್ಬಳಿದ್ದಾಳೆ. ಸಾಕು.”

ಅಮ್ಮ ಬೆಚ್ಚಿದಳು. “ನಿಮಗೆ ಗೊತ್ತಿತ್ತಾ?”

“ನೇಯೋನು ಕಣೇ ನಾನು. ಕೈ ನೋಡಿದ್ರೆ ಕಸುಬು ಗೊತ್ತಾಗಲ್ವಾ? ನೀನು ಲೇಖನಿ ಹಿಡಿದ ರೀತೀಲೇ ತಿಳೀತು.”

“ಮೂವತ್ತು ವರ್ಷ ಬಾಯಿ ಬಿಡ್ಲಿಲ್ವಲ್ಲ ಈ ಮನುಷ್ಯ!”

“ನೀನು ಬಿಟ್ಟಿದ್ಯಾ?” ಅಪ್ಪ ನನ್ನ ಕಡೆ ತಿರುಗಿದರು. “ನಾನು ಮಗ್ಗದ ಮುಂದೆ ಸವೆದದ್ದು ನೀನು ಗೀಟು ಎಳೀಲಿ ಅಂತಲ್ಲ. ಬರಿ. ಪೂರ್ತಿ ಹೆಸರು, ದೊಡ್ಡದಾಗಿ.”

ಆ ಓರೆ ಗೀಟಿನಿಂದಲೇ ನನ್ನ ಹೆಸರಿನ ಮೊದಲ ಅಕ್ಷರವಾದ ಇಂಗ್ಲಿಷಿನ ‘K’ಯನ್ನು ಶುರುಮಾಡಿದೆ. ಕಣ್ಣು ಮಂಜಾಗಿ ಮುಂದಿನವೂ ಓರೆಯಾದವು. ಕೆಳಗೆ ಅಪ್ಪ, ಅವಸರವಿಲ್ಲದೆ, ತಮ್ಮ ಅಡ್ಡಗೀಟು ಎಳೆದರು. ಪಾದ್ರಿ ಅದರ ಪಕ್ಕದಲ್ಲಿ ‘ಜೇಬೆಜ್ ಆರ್ಮರಾಡ್ ಅವರ ಗುರುತು’ ಎಂದು ಬರೆದರು.

ಪುಸ್ತಕ ಮುಚ್ಚುವ ಮೊದಲು ಇನ್ನೊಮ್ಮೆ ನೋಡಿದೆ. ಅಪ್ಪನ ಗೀಟು ನೆಟ್ಟಗೆ ಕೂತಿತ್ತು. ನನ್ನ ಹೆಸರು ಅದರ ಕಡೆಗೇ ವಾಲಿಕೊಂಡಿತ್ತು.